ರಾಬರ್ಟ್ ಹೋಮ್ಸ್ ಎಂಬ ಟಿವಿ ಬರಹಗಾರ: ಪದೇ ಪದೇ ಕೇಳುವ ಪ್ರಶ್ನೆಗಳು

ಯಾರಿದು ರಾಬರ್ಟ್ ಹೋಮ್ಸ್? ಷರ್ಲಾಕ್‌ನ ನೆಂಟನೇ?

ನೆಂಟನಲ್ಲ. ಆದರೆ ಈ ಪ್ರಶ್ನೆ ಕೇಳದವರೇ ಇಲ್ಲ. ಇಂಟರ್ನೆಟ್ಟಿನಲ್ಲಿ ಹುಡುಕಿದರೂ ಮೊದಲು ಬೇರೆ ಯಾರ್ಯಾರೋ ಹೋಮ್ಸ್‌ಗಳು ಎದುರಾಗುತ್ತಾರೆ. ಇಲ್ಲಿ ಹೇಳುತ್ತಿರುವುದು 1926ರ ಏಪ್ರಿಲ್ 2ರಂದು ಇಂಗ್ಲೆಂಡಿನ ಹರ್ಟ್‌ಫರ್ಡ್‌ಶೈರ್‌ನಲ್ಲಿ ಹುಟ್ಟಿ, 1986ರ ಮೇ 24ರಂದು ತೀರಿಕೊಂಡ ಚಿತ್ರಕಥೆಗಾರನ ಬಗ್ಗೆ. ಆಸ್ಪತ್ರೆಯ ಕಥೆ, ಪತ್ತೇದಾರಿ, ಪೊಲೀಸು, ಅನ್ಯಗ್ರಹದ ಭೂತ, ಹೀಗೆ ಕೇಳಿದ್ದನ್ನು ಕೇಳಿದ ಹೊತ್ತಿಗೆ ಬರೆದುಕೊಡುತ್ತಿದ್ದ ಕಸುಬುದಾರ. ಆತ ಹುಟ್ಟುಹಾಕಿದ್ದು ಎನ್ನುವಂಥ ಧಾರಾವಾಹಿ ಒಂದೂ ಇಲ್ಲ. ಬರೆದದ್ದೆಲ್ಲ ಬೇರೆಯವರು ಕಟ್ಟಿದ ಮನೆಯಲ್ಲಿ ಕೂತು. ಆ ಮನೆಗಳಲ್ಲಿ ದೊಡ್ಡದು ‘ಡಾಕ್ಟರ್ ಹೂ’. ಅದರ ಹಳೆಯ ಸರಣಿಗೆ ಈತನಷ್ಟು ಬರೆದವರು ಇನ್ನೊಬ್ಬರಿಲ್ಲ.

ಮೊದಲಿನಿಂದಲೂ ಬರಹಗಾರನೇ?

ಎಲ್ಲಿಯ ಮಾತು. ಎರಡನೆಯ ಮಹಾಯುದ್ಧದ ಕಾಲದಲ್ಲಿ ವಯಸ್ಸು ಹೆಚ್ಚು ಹೇಳಿ ಸೈನ್ಯ ಸೇರಿದ. ಕ್ವೀನ್ಸ್ ಓನ್ ಕ್ಯಾಮರೂನ್ ಹೈಲ್ಯಾಂಡರ್ಸ್ ಎಂಬ ಸ್ಕಾಟಿಷ್ ಪಡೆಯಲ್ಲಿ, ಬರ್ಮಾ ರಣರಂಗದಲ್ಲಿ, ಇನ್ನೂ 18 ತುಂಬಿದ ಹುಡುಗ ಅಧಿಕಾರಿಯಾದ. ಯುದ್ಧ ಮುಗಿಸಿ ಬಂದು ಲಂಡನ್ ಪೊಲೀಸ್ ಸೇರಿದ. ಕೆಲಸ ಬೋ ಸ್ಟ್ರೀಟ್ ಠಾಣೆಯಲ್ಲಿ.

ಪೊಲೀಸಿನವನು ಬರಹಗಾರನಾದ ಬಗೆ ಚೆನ್ನಾಗಿದೆ. ಸಾಕ್ಷಿ ಹೇಳಲು ಕೋರ್ಟಿಗೆ ಹೋಗಬೇಕಾಗುತ್ತಿತ್ತಲ್ಲ, ಅಲ್ಲಿ ಪತ್ರಕರ್ತರ ಬೆಂಚಿನ ಮೇಲೆ ಕಣ್ಣು ಬಿತ್ತು. ತಾನು ಕಟಕಟೆಯಲ್ಲಿ ನಿಂತು ಹೇಳುವುದಕ್ಕಿಂತ ಅವರು ಕೂತು ಬರೆದುಕೊಳ್ಳುವುದೇ ಸುಖದ ಕೆಲಸ ಅನಿಸಿತು. ಬಿಡುವಿನಲ್ಲಿ ತಾನೇ ಶಾರ್ಟ್‌ಹ್ಯಾಂಡ್ ಕಲಿತು, ಸಮವಸ್ತ್ರ ಬಿಚ್ಚಿಟ್ಟು ಪತ್ರಿಕೆಗಳಿಗೆ ಹೋದ. 1950ರ ದಶಕದ ಕೊನೆಯ ಹೊತ್ತಿಗೆ ‘ಜಾನ್ ಬುಲ್’ ಎಂಬ ವಾರಪತ್ರಿಕೆಯಲ್ಲಿದ್ದ. ಅಷ್ಟರಲ್ಲಿ ಜನ ಪತ್ರಿಕೆ ಬಿಟ್ಟು ಟಿವಿ ಕಡೆ ಹೊರಳುತ್ತಿದ್ದರು. ಈತನೂ ಹೊರಳಿದ.

ಸೈನ್ಯ, ಠಾಣೆ, ಪತ್ರಿಕೆ, ಈ ಮೂರೂ ಮುಂದೆ ಈತನ ಬರಹದಲ್ಲಿ ಉದ್ದಕ್ಕೂ ಕಾಣುತ್ತವೆ. ಹೋಮ್ಸ್ ಬರೆದ ಸೇನಾಧಿಕಾರಿ ಸಾಮಾನ್ಯವಾಗಿ ಪೆದ್ದ, ಸರ್ಕಾರಿ ಅಧಿಕಾರಿ ಜಿಪುಣ, ಕಳ್ಳ ಮಾತ್ರ ಒಳ್ಳೆಯ ಮಾತುಗಾರ.

ಟಿವಿಯಲ್ಲಿ ಮೊದಲು ಏನು ಬರೆದ?

‘ನೈಟ್ ಎರಂಟ್’ ಎಂಬ ಸಾಹಸ ಸರಣಿ, ‘ಎಮರ್ಜೆನ್ಸಿ ವಾರ್ಡ್ 10’ ಎಂಬ ಆಸ್ಪತ್ರೆ ಧಾರಾವಾಹಿ, ‘ಪಬ್ಲಿಕ್ ಐ’ ಪತ್ತೇದಾರಿ, ‘ಡಾಕ್ಟರ್ ಫಿನ್ಲೇಸ್ ಕೇಸ್‌ಬುಕ್’. ಹೊಟ್ಟೆಪಾಡಿನ ಕೆಲಸ, ಅದಕ್ಕಿಂತ ಹೆಚ್ಚು ಹೇಳಬೇಕಿಲ್ಲ. ಇದರ ನಡುವೆ 1965ರಲ್ಲಿ ‘ಇನ್ವೇಷನ್’ ಎಂಬ ಚಿಕ್ಕ ಸಿನಿಮಾಕ್ಕೆ ಕಥೆ ಕೊಟ್ಟ. ಹಳ್ಳಿಯೊಂದರ ಆಸ್ಪತ್ರೆಗೆ ಸೇರಿಸಿದ ರೋಗಿ ಮನುಷ್ಯನೇ ಅಲ್ಲ ಎಂದು ವೈದ್ಯರಿಗೆ ಗೊತ್ತಾಗುತ್ತದೆ. ಐದು ವರ್ಷದ ನಂತರ ಇದೇ ಸರಕನ್ನು ಝಾಡಿಸಿ ‘ಡಾಕ್ಟರ್ ಹೂ’ಗೆ ಬಳಸಿಕೊಂಡ. ಒಳ್ಳೆಯ ಕಸುಬುದಾರ ಏನನ್ನೂ ಬಿಸಾಡುವುದಿಲ್ಲ.

‘ಡಾಕ್ಟರ್ ಹೂ’ ನಾನು ನೋಡಿಲ್ಲ. ಎರಡು ಮಾತಿನಲ್ಲಿ ಹೇಳಬಹುದೇ?

ಬಿಬಿಸಿಯಲ್ಲಿ 1963ರಲ್ಲಿ ಶುರುವಾದ ಸರಣಿ. ‘ಡಾಕ್ಟರ್’ ಎಂದು ಕರೆಸಿಕೊಳ್ಳುವ ಅನ್ಯಗ್ರಹದವನೊಬ್ಬ ನೀಲಿ ಪೊಲೀಸ್ ಪೆಟ್ಟಿಗೆಯಂತೆ (ಬೀದಿಯಲ್ಲಿ ನಿಂತು ಪೊಲೀಸರಿಗೆ ಫೋನ್ ಮಾಡುವ ಗೂಡು) ಕಾಣುವ ಯಂತ್ರದಲ್ಲಿ ಕಾಲ, ದೇಶ ಸುತ್ತುತ್ತಾನೆ. ಸಾಯುವ ಹಂತ ಬಂದಾಗ ದೇಹ ಬದಲಿಸಿ ಬೇರೆ ನಟನಾಗಿ ಏಳುತ್ತಾನೆ. ಹಳೆಯ ಸರಣಿಯ ಒಂದು ಕಂತು ಸುಮಾರು 25 ನಿಮಿಷ. ನಾಲ್ಕೋ ಆರೋ ಕಂತಿಗೆ ಒಂದು ಕಥೆ. ಪ್ರತಿ ಕಂತಿನ ಕೊನೆಗೂ ಉಸಿರು ಬಿಗಿಹಿಡಿಸುವಂಥದ್ದೊಂದು ಬೇಕು. ಶನಿವಾರ ಸಂಜೆ ಮಕ್ಕಳು ಸೋಫಾದ ಹಿಂದೆ ಅಡಗಿ ನೋಡುತ್ತಿದ್ದ ಕಾರ್ಯಕ್ರಮ.

ಅಲ್ಲಿಗೆ ಹೇಗೆ ಸೇರಿದ?

ಕಡತದ ದೂಳಿನಿಂದ. 1965ರ ಸುಮಾರಿಗೆ ‘ದಿ ಸ್ಪೇಸ್ ಟ್ರ್ಯಾಪ್’ ಎಂಬ ಸ್ವತಂತ್ರ ವೈಜ್ಞಾನಿಕ ಕಥೆಯನ್ನು ಬಿಬಿಸಿಗೆ ಕಳಿಸಿದ್ದ. ನಮಗೆ ಬೇಡ, ‘ಡಾಕ್ಟರ್ ಹೂ’ದವರಿಗೆ ಕೊಟ್ಟು ನೋಡಿ ಎಂದರು. ಅವರು ಆಸಕ್ತಿ ತೋರಿಸಿದರು, ಆಮೇಲೆ ಆ ಜಾಗದಲ್ಲಿದ್ದವರು ಬದಲಾದರು, ಕಥೆ ಕಡತದಲ್ಲೇ ಉಳಿಯಿತು. 1968ರಲ್ಲಿ ಸರಣಿಯ ಕಥಾ ವಿಭಾಗಕ್ಕೆ ಹೊಸದಾಗಿ ಬಂದಿದ್ದ ಟೆರೆನ್ಸ್ ಡಿಕ್ಸ್ ಹಳೆಯ ಕಡತ ತಿರುವಿಹಾಕುವಾಗ ಅದು ಕೈಗೆ ಸಿಕ್ಕಿತು. ಅಷ್ಟರಲ್ಲಿ ಇನ್ನೊಬ್ಬರ ಕಥೆ ಕೈಕೊಟ್ಟಿತ್ತು, ಸ್ಟುಡಿಯೋ ಕಾಯುತ್ತಿತ್ತು. ‘ದಿ ಕ್ರೋಟನ್ಸ್’ ಎಂಬ ಹೊಸ ಹೆಸರಿನಲ್ಲಿ ಅದು ಪ್ರಸಾರವಾಯಿತು.

ಕಥೆ ಸಾಧಾರಣ. ಪೆಟ್ಟಿಗೆಯಾಕಾರದ ಆ ಕ್ರೋಟನ್‌ಗಳನ್ನು ನೋಡಿದರೆ ಇವತ್ತಿಗೂ ನಗು ಬರುತ್ತದೆ. ಆದರೆ ಡಿಕ್ಸ್‌ಗೆ ಒಂದು ವಿಷಯ ಹಿಡಿಸಿತು: ಈ ಮನುಷ್ಯ ಹೇಳಿದ ದಿನಕ್ಕೆ ಬರೆದುಕೊಡುತ್ತಾನೆ. ಟಿವಿಯಲ್ಲಿ ಪ್ರತಿಭೆಗಿಂತ ಮೊದಲು ಗಮನಕ್ಕೆ ಬರುವ ಗುಣ ಅದೇ.

1970ರ ಜನವರಿ 3ರಂದು ಶುರುವಾದ ‘ಸ್ಪಿಯರ್‌ಹೆಡ್ ಫ್ರಮ್ ಸ್ಪೇಸ್’ ಆತನ ಮೊದಲ ದೊಡ್ಡ ಹೊಡೆತ. ಹೊಸ ಡಾಕ್ಟರ್ ಆಗಿ ಜಾನ್ ಪರ್ಟ್‌ವೀ, ಸರಣಿಗೆ ಮೊದಲ ಸಲ ಬಣ್ಣ. ಬಟ್ಟೆ ಅಂಗಡಿಯ ಗಾಜಿನ ಹಿಂದೆ ನಿಂತ ಗೊಂಬೆಗಳು ಬೆಳಗಿನ ಹೊತ್ತು ಕದಲುತ್ತವೆ, ಗಾಜು ಒಡೆದು ಬೀದಿಗೆ ಇಳಿಯುತ್ತವೆ, ಬಸ್ಸಿಗೆ ಕಾಯುತ್ತಿದ್ದವರತ್ತ ಕೈ ಚಾಚುತ್ತವೆ. ಗಮನಿಸಿ ನೋಡಿ, ಗಾಜು ಒಡೆಯುವುದು ಕಾಣುವುದೇ ಇಲ್ಲ, ಸದ್ದು ಮಾತ್ರ. ಒಡೆಯಲು ಹಣವಿರಲಿಲ್ಲ. ಆದರೂ ಆ ತಲೆಮಾರಿನ ಎಷ್ಟೋ ಮಕ್ಕಳು ಅಂಗಡಿ ಬೀದಿಯಲ್ಲಿ ಅಮ್ಮನ ಕೈ ಗಟ್ಟಿಯಾಗಿ ಹಿಡಿದು ನಡೆದರು.

ಸ್ಕ್ರಿಪ್ಟ್ ಎಡಿಟರ್ ಆಗಿದ್ದ ಅನ್ನುತ್ತಾರೆ. ಅಂದರೆ ತಪ್ಪು ತಿದ್ದುವ ಕೆಲಸವೇ?

ಕಾಗುಣಿತ ತಿದ್ದುವ ಕೆಲಸ ಅಂದುಕೊಳ್ಳಬೇಡಿ. ಯಾರಿಂದ ಬರೆಸಬೇಕು, ಏನು ಬರೆಸಬೇಕು, ಬಂದದ್ದು ಸ್ಟುಡಿಯೋದಲ್ಲಿ ಆಗುತ್ತದೋ ಇಲ್ಲವೋ ನೋಡುವುದು, ಆಗದಿದ್ದರೆ ರಾತ್ರಿ ಕೂತು ತಾನೇ ಬರೆಯುವುದು. ಹೆಸರು ಇನ್ನೊಬ್ಬರದು, ಕೈ ಈತನದು. 1974ರಿಂದ 1977ರವರೆಗೆ ಹೋಮ್ಸ್ ಈ ಕುರ್ಚಿಯಲ್ಲಿದ್ದ. ನಿರ್ಮಾಪಕ ಫಿಲಿಪ್ ಹಿಂಚ್‌ಕ್ಲಿಫ್, ಡಾಕ್ಟರ್ ಪಾತ್ರದಲ್ಲಿ ಉದ್ದ ಮಫ್ಲರಿನ ಟಾಮ್ ಬೇಕರ್. ಸರಣಿಯ ಚಿನ್ನದ ಕಾಲ ಯಾವುದು ಎಂದು ಹಳೆಯ ಅಭಿಮಾನಿಗಳನ್ನು ಕೇಳಿದರೆ ಬಹಳಷ್ಟು ಜನ ಈ ಮೂರು ವರ್ಷ ತೋರಿಸುತ್ತಾರೆ. 1975ರ ‘ದಿ ಆರ್ಕ್ ಇನ್ ಸ್ಪೇಸ್’ ಕಥೆಯ ಎರಡನೆಯ ಕಂತನ್ನು 1.36 ಕೋಟಿ ಜನ ನೋಡಿದರು. ಅದೂ ಬೇರೆಯವರ ಎರಡು ಪ್ರಯತ್ನ ಕೈಗೂಡದೆ ಕೊನೆಗೆ ಹೋಮ್ಸ್ ತಾನೇ ಹೊಸದಾಗಿ ಬರೆದದ್ದು.

ಈ ಕೆಲಸದಲ್ಲಿ ಜಗಳ ತಪ್ಪಿದ್ದಲ್ಲ. ಹಿಂದೆ ಈತನನ್ನು ಕಡತದಿಂದ ಎತ್ತಿದ ಟೆರೆನ್ಸ್ ಡಿಕ್ಸ್ ಈಗ ಈತನಿಗೇ ಕಥೆ ಬರೆದುಕೊಡುವ ಸ್ಥಾನದಲ್ಲಿದ್ದ. ‘ದಿ ಬ್ರೈನ್ ಆಫ್ ಮಾರ್ಬಿಯಸ್’ ಬರೆದುಕೊಟ್ಟು ರಜೆಗೆ ಹೋದ. ಆತನ ಕಥೆಯಲ್ಲಿ ಒಡೆಯನಿಗಾಗಿ ಸಿಕ್ಕ ಅಂಗಾಂಗಗಳನ್ನೆಲ್ಲ ಹೊಲಿದು ದೇಹ ಕಟ್ಟುವುದು ಒಂದು ರೋಬಾಟ್. ಒಳ್ಳೆಯ ರೋಬಾಟ್ ಮಾಡಲು ದುಡ್ಡಿಲ್ಲ ಎಂದು ಹೋಮ್ಸ್ ಅದನ್ನು ಕಿತ್ತು, ಆ ಜಾಗಕ್ಕೆ ಹುಚ್ಚು ಶಸ್ತ್ರವೈದ್ಯನನ್ನು ತಂದ. ಆದರೆ ಆ ಅವತಾರಕ್ಕೆ ಅರ್ಥವಿದ್ದದ್ದೇ ರೋಬಾಟಿಗೆ ಅಂದಗೆಟ್ಟದ್ದು ಗೊತ್ತಾಗುವುದಿಲ್ಲ ಎಂಬುದರಲ್ಲಿ. ತಿದ್ದಿದ್ದನ್ನು ಓದಿದ ಡಿಕ್ಸ್ ಫೋನಿನಲ್ಲೇ ಕೂಗಾಡಿದ. ನನ್ನ ಹೆಸರು ತೆಗೆದುಬಿಡು ಎಂದ. ಹಾಗಾದರೆ ಯಾರ ಹೆಸರು ಹಾಕಲಿ ಎಂದರೆ, ಯಾವುದಾದರೂ ಸಪ್ಪೆ ಹೆಸರು ಹಾಕಿಕೋ ಎಂದ. ಟಿವಿಯಲ್ಲಿ ಬಂದ ಹೆಸರು: ರಾಬಿನ್ ಬ್ಲಾಂಡ್. ಇಂಗ್ಲಿಷಿನಲ್ಲಿ ಬ್ಲಾಂಡ್ ಅಂದರೆ ಸಪ್ಪೆ. ಅದನ್ನು ಕಂಡು ಡಿಕ್ಸ್ ನಕ್ಕುಬಿಟ್ಟ, ಸ್ನೇಹ ಉಳಿಯಿತು.

ಇವರಿಬ್ಬರ ನಡುವೆ ಇಂಥ ಚೇಷ್ಟೆ ಮೊದಲಿನಿಂದ ಇತ್ತು. ಮಧ್ಯಯುಗದ ಇಂಗ್ಲೆಂಡಿನ ಕಥೆ ಬರಿ ಎಂದು ಡಿಕ್ಸ್ ಒತ್ತಾಯಿಸಿದಾಗ, ಇತಿಹಾಸದ ಕಥೆ ಕಂಡರಾಗದ ಹೋಮ್ಸ್ ಸಾರಾಂಶದ ಬದಲು ಅನ್ಯಗ್ರಹದ ಸೇನೆಯ ವರದಿಯೊಂದನ್ನು ಕಳಿಸಿದ. ಬರೆದವರು ಫೀಲ್ಡ್ ಮಾರ್ಷಲ್ ಹೋಲ್ ಮೆಸ್, ತಲುಪಬೇಕಾದವರು ಟೆರ್ರಾನ್ ಸೆಡಿಕ್ಸ್. ಅದರಿಂದ ಹುಟ್ಟಿದ್ದು 1973ರ ‘ದಿ ಟೈಮ್ ವಾರಿಯರ್’, ಬೇಯಿಸಿದ ಆಲೂಗಡ್ಡೆಯಂಥ ತಲೆಯ ಸಾಂಟಾರನ್ ಸೈನಿಕರು, ಮತ್ತು ಡಾಕ್ಟರನ ಊರಿಗೆ ಒಂದು ಹೆಸರು: ಗ್ಯಾಲಿಫ್ರೇ. ಹತ್ತು ವರ್ಷ ಹೆಸರಿಲ್ಲದೆ ಇದ್ದ ಗ್ರಹ ಅದು.

ಅಷ್ಟಕ್ಕೂ ಈತನ ಬರಹದಲ್ಲಿ ಏನಿದೆ?

ಇಬ್ಬರು ನಿಂತು ಮಾತಾಡುವುದಿದೆ. ಭೂತ, ರಾಕೆಟ್ಟು, ಸ್ಫೋಟ ಎಲ್ಲಕ್ಕೂ ಹಣ ಬೇಕು. ಮಾತಿಗೆ ಬೇಡ. ಹೋಮ್ಸ್ ಕಥೆಗಳಲ್ಲಿ ಯಾವಾಗಲೂ ಒಂದು ಜೋಡಿ ಇರುತ್ತದೆ: ಊರೂರು ತಿರುಗುವ ಬಯಾಸ್ಕೋಪಿನವನೂ ಅವನ ಸಹಾಯಕಿಯೂ, ಬಡಾಯಿ ಕೊಚ್ಚುವ ನಾಟಕ ಕಂಪನಿಯ ಯಜಮಾನನೂ ಮರ್ಯಾದಸ್ಥ ವೈದ್ಯನೂ, ಹಿರಿಯ ಮೋಸಗಾರನೂ ಅವನ ಶಿಷ್ಯನೂ. ಲೋಕ ಉಳಿಸುವ ಕೆಲಸ ನಾಯಕನಿಗೆ ಬಿಟ್ಟು ಇವರು ತಮ್ಮ ಹೊಟ್ಟೆಪಾಡು ನೋಡಿಕೊಳ್ಳುತ್ತಾರೆ.

ಒಂದು ದೃಶ್ಯ ಹೇಳುತ್ತೇನೆ. 1978ರ ‘ದಿ ರಿಬೋಸ್ ಆಪರೇಷನ್’. ವರ್ಷಗಟ್ಟಲೆ ಹಿಮ ಬೀಳುವ ಹಿಂದುಳಿದ ಗ್ರಹ. ಗ್ಯಾರನ್ ಎಂಬ ಮೋಸಗಾರ ಆ ಗ್ರಹವನ್ನೇ ಒಬ್ಬ ಪದಚ್ಯುತ ರಾಜನಿಗೆ ಮಾರಲು ಬಂದಿದ್ದಾನೆ. ಅಲ್ಲಿ ಬೆಲೆಬಾಳುವ ಖನಿಜವಿದೆ ಎಂದು ನಂಬಿಸಲು ಶಿಷ್ಯ ಅನ್‌ಸ್ಟಾಫ್ ಹಳ್ಳಿಗನ ವೇಷ ಹಾಕಿ, ಹಳ್ಳಿ ಮಾತಿನಲ್ಲಿ, ಆ ಕಲ್ಲು ಮುಟ್ಟಿದರೆ ಮೈಕೈ ನೋವು ಹತ್ತಿರ ಸುಳಿಯುವುದಿಲ್ಲ ಎಂದು ಪುರಾಣ ಹೊಡೆಯುತ್ತಾನೆ. ಮರೆಯಲ್ಲಿ ಕೇಳುತ್ತಿದ್ದ ಗುರುವಿಗೇ ಇದು ಅತಿಯಾಯಿತು ಅನಿಸುತ್ತದೆ. ಇಷ್ಟು ತಮಾಷೆ. ಆಮೇಲೆ ಬಣ್ಣ ಬಯಲಾಗಿ ಅನ್‌ಸ್ಟಾಫ್ ಓಡುತ್ತಾನೆ. ಚಿಂದಿ ಉಟ್ಟ ಮುದುಕ ಬಿನ್ರೋ ಅವನಿಗೆ ತನ್ನ ಗುಡಿಸಲಿನಲ್ಲಿ ಆಸರೆ ಕೊಡುತ್ತಾನೆ. ಊರವರ ನಂಬಿಕೆಯಲ್ಲಿ ಆಕಾಶದ ಚುಕ್ಕಿಗಳೆಂದರೆ ಮಂಜಿನ ಹರಳು. ಅಲ್ಲ, ಅವು ಸೂರ್ಯರು, ಅವುಗಳಿಗೂ ನಮ್ಮಂಥ ಲೋಕಗಳು ಇರಬಹುದು ಎಂದು ಬಿನ್ರೋ ಒಮ್ಮೆ ಹೇಳಿದ್ದ. ಅದಕ್ಕೆ ಅವನ ಕೈ ಮುರಿದರು, ಮಾತು ವಾಪಸ್ ಪಡೆಯುವಂತೆ ಮಾಡಿದರು. ಇದನ್ನು ಕೇಳಿದ ಅನ್‌ಸ್ಟಾಫ್ ಸ್ವಲ್ಪ ಹೊತ್ತು ಸುಮ್ಮನಿದ್ದು, ನೀನು ಹೇಳಿದ್ದು ನಿಜ, ನಾನು ಬಂದಿರುವುದೇ ಅಂಥ ಒಂದು ಸೂರ್ಯನ ಕಡೆಯಿಂದ ಎನ್ನುತ್ತಾನೆ. ಜೀವನವಿಡೀ ಸುಳ್ಳು ಮಾರಿದವನು ಒಂದೇ ಒಂದು ನಿಜ ಹೇಳುತ್ತಾನೆ. ಮುದುಕನ ಮುಖ ನೋಡಿ. ಇಡೀ ದೃಶ್ಯಕ್ಕೆ ಖರ್ಚಾದದ್ದು ಒಂದು ಹರಕು ಗುಡಿಸಲು, ಇಬ್ಬರು ನಟರು.

ಕಥೆಯ ಮುಖ್ಯ ಎಳೆಗೆ ಬಿನ್ರೋ ಬೇಕಾಗಿಯೇ ಇಲ್ಲ. ಅವನನ್ನು ತೆಗೆದರೂ ಕಥೆ ನಡೆಯುತ್ತದೆ. ಆದರೆ ನನಗೆ ಆ ನಾಲ್ಕು ಕಂತಿನಲ್ಲಿ ನೆನಪಿರುವುದು ಅವನೊಬ್ಬನೇ.

ತೆರಿಗೆ ಇಲಾಖೆಯ ಮೇಲಿನ ಸಿಟ್ಟಿಗೆ ಒಂದು ಕಥೆ ಬರೆದನಂತೆ, ನಿಜವೇ?

ನಿಜ, ಮತ್ತು ಮುಚ್ಚಿಡುವ ಪ್ರಯತ್ನವನ್ನೂ ಮಾಡಲಿಲ್ಲ. ಸ್ವತಂತ್ರ ಬರಹಗಾರನಾಗಿ ತೆರಿಗೆಯವರ ಜೊತೆ ಹಗ್ಗಜಗ್ಗಾಟ ನಡೆದಿತ್ತು. 1977ರ ‘ದಿ ಸನ್ ಮೇಕರ್ಸ್’ನಲ್ಲಿ ಮನುಷ್ಯರೆಲ್ಲ ಪ್ಲೂಟೋದಲ್ಲಿದ್ದಾರೆ. ಒಂದು ಕಂಪನಿ ಕೃತಕ ಸೂರ್ಯರನ್ನು ಹಚ್ಚಿ, ಆ ಬೆಳಕಿಗೂ ಸೇರಿ ಎಲ್ಲದಕ್ಕೂ ತೆರಿಗೆ ವಸೂಲಿ ಮಾಡುತ್ತದೆ. ಮೊದಲ ದೃಶ್ಯದಲ್ಲೇ ಒಬ್ಬ ಕೂಲಿಗೆ ಅಪ್ಪ ಸತ್ತ ಸುದ್ದಿ ಬರುತ್ತದೆ. ಪಾಪ, ಅವನು ಅತ್ತರೂ ಅಳದಿದ್ದರೂ ಮರಣ ತೆರಿಗೆ ಕಟ್ಟಬೇಕು. ಕೂಡಿಟ್ಟ ಹಣ ಹಿಡಿದು ಕೌಂಟರಿಗೆ ಹೋದರೆ ದರ ಏರಿದೆ ಎನ್ನುತ್ತಾರೆ. ಅವನು ಕಟ್ಟಡದ ತುದಿ ಹತ್ತಿ ಹಾರಲು ಹೊರಡುತ್ತಾನೆ.

ಓಣಿಯೊಂದರ ಹೆಸರು ಪಿ45. ಬ್ರಿಟನ್ನಿನಲ್ಲಿ ಕೆಲಸ ಬಿಟ್ಟವರ ಕೈಗೆ ಕೊಡುವ ತೆರಿಗೆ ಫಾರಂ ಅದು. ಅಲ್ಲಿನ ವೀಕ್ಷಕರಿಗೆ ಇದು ಬೇರೆ ವಿವರಣೆ ಬೇಡದ ಜೋಕು. ಅಕ್ಷರ ಹಿಂದುಮುಂದು ಮಾಡುವ ಚಟವೂ ಇತ್ತು. ‘ಕಾರ್ನಿವಲ್ ಆಫ್ ಮಾನ್‌ಸ್ಟರ್ಸ್’ ಕಥೆಯ ಘೋರ ಪ್ರಾಣಿ ಡ್ರಾಶಿಗ್ಸ್, ಇಂಗ್ಲಿಷ್ ಅಕ್ಷರ ಬದಲಿಸಿ ಜೋಡಿಸಿದರೆ ಡಿಶ್‌ರ್ಯಾಗ್ಸ್, ಅಂದರೆ ಪಾತ್ರೆ ಒರೆಸುವ ಬಟ್ಟೆ. ಆಮೇಲೆ 1985ರ ‘ದಿ ಟೂ ಡಾಕ್ಟರ್ಸ್’ನಲ್ಲಿ ಮನುಷ್ಯರನ್ನೂ ಬೇಯಿಸಿ ತಿನ್ನಲು ಬಾಯಲ್ಲಿ ನೀರೂರಿಸುವ ಆಂಡ್ರೋಗಮ್ ಕುಲ, ಜೋಡಿಸಿದರೆ ಗೂರ್ಮಾಂಡ್, ಅಂದರೆ ಭೋಜನಪ್ರಿಯ. ಹೋಮ್ಸ್ ಸಸ್ಯಾಹಾರಿ. ಕಥೆಯ ಕೊನೆಗೆ ಡಾಕ್ಟರನ ಬಾಯಲ್ಲೂ ಇನ್ನು ಮುಂದೆ ಸಸ್ಯಾಹಾರ ಎಂದು ಹೇಳಿಸಿದ.

ಹಿಂಸೆ ಜಾಸ್ತಿ ಎಂದು ಗಲಾಟೆ ಆಯಿತಲ್ಲ?

ಎರಡು ಸಲ ಜೋರಾಗಿ. 1971ರ ‘ಟೆರರ್ ಆಫ್ ದಿ ಆಟಾನ್ಸ್’ನಲ್ಲಿ (ಆಟಾನ್ ಅಂದರೆ ಅದೇ ಅಂಗಡಿ ಗೊಂಬೆಗಳ ಜಾತಿ) ಪ್ಲಾಸ್ಟಿಕ್ ಕುರ್ಚಿ ಮನುಷ್ಯನನ್ನು ನುಂಗಿತು, ಮಕ್ಕಳ ಗೊಂಬೆ ಕತ್ತು ಹಿಸುಕಿತು, ಪೊಲೀಸಿನವನ ಮುಖ ಕಿತ್ತರೆ ಒಳಗೆ ಕಣ್ಣುಮೂಗಿಲ್ಲದ ಪ್ಲಾಸ್ಟಿಕ್. ಮಕ್ಕಳು ಇನ್ನು ಪೊಲೀಸರನ್ನು ನಂಬುವುದು ಹೇಗೆ ಎಂಬ ದೂರು ಬಂತು, ಹೌಸ್ ಆಫ್ ಲಾರ್ಡ್ಸ್‌ನಲ್ಲೂ ಮಾತು ಎದ್ದಿತು. ಬರೆದವನು ಸ್ವತಃ ಮಾಜಿ ಪೊಲೀಸ್.

ಎರಡನೆಯದು 1976ರ ‘ದಿ ಡೆಡ್ಲಿ ಅಸಾಸಿನ್’. ಮೂರನೆಯ ಕಂತಿನ ಕೊನೆಗೆ ಡಾಕ್ಟರನ ತಲೆಯನ್ನು ನೀರಿನೊಳಗೆ ಅದುಮಿ ಹಿಡಿದ ಚಿತ್ರ ಹಾಗೇ ನಿಂತುಬಿಡುತ್ತದೆ. ಟಿವಿ ಶುದ್ಧೀಕರಣಕ್ಕೆ ಹೋರಾಡುತ್ತಿದ್ದ ಮೇರಿ ವೈಟ್‌ಹೌಸ್, ಮುಂದಿನ ಶನಿವಾರದವರೆಗೂ ಮಗುವಿನ ತಲೆಯಲ್ಲಿ ಆ ಚಿತ್ರವೇ ಇರುತ್ತದೆ ಎಂದು ತಕರಾರು ತೆಗೆದಳು. ಬಿಬಿಸಿಯ ಮಹಾನಿರ್ದೇಶಕರು ಕ್ಷಮೆ ಕೇಳಿದರು, ಮೂಲ ಟೇಪಿನಿಂದ ಅಷ್ಟು ಭಾಗ ಕತ್ತರಿಸಿದರು. ಮುಂದಿನ ನಿರ್ಮಾಪಕರಿಗೆ ಹಿಂಸೆ ಕಡಿಮೆ ಮಾಡಿ ಎಂಬ ಆದೇಶವೂ ಬಂತು. ನನಗನಿಸುವಂತೆ ವೈಟ್‌ಹೌಸ್ ಹೇಳಿದ್ದರಲ್ಲಿ ಒಂದು ಸತ್ಯವಿದೆ: ಆ ಚಿತ್ರ ನಿಜಕ್ಕೂ ತಲೆಯಲ್ಲಿ ಉಳಿಯುತ್ತದೆ.

ತಮಾಷೆಯೆಂದರೆ ಅದೇ ಕಥೆಯ ಮೇಲೆ ಅಭಿಮಾನಿ ಸಂಘವೂ ಮುನಿಸಿಕೊಂಡಿತು. ಅವರ ಕಾರಣ ಬೇರೆ. ದೇವತೆಗಳಂತಿದ್ದ ಟೈಮ್ ಲಾರ್ಡ್‌ಗಳನ್ನು, ಅಂದರೆ ಡಾಕ್ಟರನ ಕುಲದವರನ್ನು, ಹೋಮ್ಸ್ ಹಳೆಯ ಕಾಲೇಜಿನ ಗೊಣಗುವ ಮುದಿ ಪ್ರೊಫೆಸರುಗಳನ್ನಾಗಿ ಮಾಡಿದ್ದ. ಒಬ್ಬರಿಗೆ 12 ಸಲ ಮಾತ್ರ ದೇಹ ಬದಲಿಸಲು ಸಾಧ್ಯ ಎಂದು ಹಾಗೇ ಒಂದು ಸಾಲು ಸೇರಿಸಿದ್ದ. ಆ ಸಾಲಿನ ಗಂಟು ಬಿಡಿಸಲು 2013ರ ಕ್ರಿಸ್‌ಮಸ್ ಸಂಚಿಕೆಯ ತನಕ ಕಾಯಬೇಕಾಯಿತು.

‘ದಿ ಟ್ಯಾಲನ್ಸ್ ಆಫ್ ವೆಂಗ್-ಚಿಯಾಂಗ್’ ಶ್ರೇಷ್ಠ ಅನ್ನುವವರೂ ಇದ್ದಾರೆ, ನೋಡಲಾಗದು ಅನ್ನುವವರೂ ಇದ್ದಾರೆ. ಯಾರ ಮಾತು ಸರಿ?

ಇಬ್ಬರದೂ. 1977ರಲ್ಲಿ ಬಂದ ಈ ಕಥೆ ವಿಕ್ಟೋರಿಯಾ ಕಾಲದ ಲಂಡನ್ನಿನ ಮಂಜು, ನಾಟಕಶಾಲೆ, ಚರಂಡಿಯೊಳಗಿನ ಭಾರೀ ಇಲಿ (ಆ ಇಲಿ ಕಂಡಾಗ ಕಣ್ಣು ಮುಚ್ಚಿಕೊಳ್ಳಿ, ಹೆದರಿಕೆಗಲ್ಲ). ಇದರ ಮೊದಲ ಕಂತಿನ ಸಂಭಾಷಣೆಗಿಂತ ಉತ್ತಮವಾದದ್ದನ್ನು ಯಾರೂ ಬರೆದಿಲ್ಲ, ಆದರೆ ಇಂಥ ಪ್ರಕಾರದಲ್ಲಿ ಬರೆದನೆಂಬ ಕಾರಣಕ್ಕೇ ಟಿವಿ ಚರಿತ್ರೆ ಹೋಮ್ಸ್‌ನನ್ನು ಮರೆಯುತ್ತದೆ ಎಂದು 2005ರಲ್ಲಿ ಸರಣಿಗೆ ಮರುಜೀವ ಕೊಟ್ಟ ರಸೆಲ್ ಟಿ. ಡೇವೀಸ್ ಹೇಳಿದ್ದುಂಟು.

ಇನ್ನೊಂದು ಕಡೆ, ಕಥೆಯ ಚೀನೀಯರೆಲ್ಲ ಅಫೀಮು, ಕೊಡಲಿ, ಕೊಲೆ. ಅವರಲ್ಲಿ ಮುಖ್ಯನಾದ ಜಾದೂಗಾರನ ಪಾತ್ರಕ್ಕೆ ಬಿಳಿ ನಟನೊಬ್ಬ ಕಣ್ಣಿನ ಆಕಾರ ಬದಲಿಸುವ ಮೇಕಪ್ ಹಾಕಿದ್ದಾನೆ. ಆಗ ಹಾಗೆಯೇ ನಡೆಯುತ್ತಿತ್ತು ಎಂದು ಜಾರಿಕೊಳ್ಳಲು ಬರುವುದಿಲ್ಲ. ಬಿನ್ರೋನಂಥವನನ್ನು ಬರೆದ ಕೈ ಇಲ್ಲಿ ಇಡೀ ಒಂದು ಜನರನ್ನು ಹಳೆಯ ಪೆನ್ನಿ ಕಾದಂಬರಿಗಳಿಂದ ಹಾಗೇ ಎತ್ತಿಕೊಂಡಿದೆ. ಮಾತು ಎಷ್ಟು ಚೆನ್ನಾಗಿದೆಯೋ ಅಷ್ಟೇ ಬೇಸರವೂ ಆಗುತ್ತದೆ.

ಭಾರತದ ನಂಟು ಏನಾದರೂ?

ದೂರದ್ದು. ಬರ್ಮಾ ಯುದ್ಧ ಬಿಟ್ಟರೆ, 1973ರ ‘ಕಾರ್ನಿವಲ್ ಆಫ್ ಮಾನ್‌ಸ್ಟರ್ಸ್’. 1926ರಲ್ಲಿ ಹಿಂದೂ ಮಹಾಸಾಗರದ ಮೇಲೆ ಬೊಂಬಾಯಿಗೆ ಹೊರಟ ಹಡಗು, ಎಸ್.ಎಸ್. ಬರ್ನೀಸ್. ಮೇಜರ್ ಡೇಲಿ ಎಂಬ ಬಿಳಿ ದೊರೆ ನಾಳೆ ಬೊಂಬಾಯಿ ಎಂದು ಖುಷಿಯಲ್ಲಿದ್ದಾನೆ. ಅಷ್ಟರಲ್ಲಿ ಸಮುದ್ರದಿಂದ ಭಾರೀ ಪ್ರಾಣಿಯೊಂದು ತಲೆ ಎತ್ತುತ್ತದೆ. ಗದ್ದಲ ಮುಗಿದ ಮೇಲೆ ಎಲ್ಲರೂ ಎಲ್ಲ ಮರೆತು ಮತ್ತೆ ಅದೇ ಮಾತು ಶುರುಮಾಡುತ್ತಾರೆ. ಯಾಕೆಂದರೆ ಹಡಗು ಇರುವುದು ಅನ್ಯಗ್ರಹದ ಆಟದವನೊಬ್ಬನ ಪೆಟ್ಟಿಗೆಯೊಳಗೆ, ಕಾಸು ಕೊಟ್ಟವರು ಇಣುಕಿ ನೋಡಲು. ಟಿವಿ ಎಂಬ ಪೆಟ್ಟಿಗೆಯ ಬಗ್ಗೆಯೇ ಟಿವಿಗೆ ಬರೆದ ಚಾಡಿ ಇದು. ಹಡಗು ಬೊಂಬಾಯಿ ಮುಟ್ಟುತ್ತದೋ ಇಲ್ಲವೋ ನೀವೇ ನೋಡಿ.

‘ಡಾಕ್ಟರ್ ಹೂ’ ಬಿಟ್ಟು ಬೇರೆ ನೋಡಬಹುದಾದದ್ದು?

ಸ್ಕಾಟ್ಲೆಂಡಿನ ದ್ವೀಪದಲ್ಲಿ ನಡೆಯುವ ‘ದಿ ನೈಟ್‌ಮೇರ್ ಮ್ಯಾನ್’ (1981), ‘ಬರ್ಜರಾಕ್’ ಎಂಬ ಪೊಲೀಸ್ ಸರಣಿಯ ಕೆಲವು ಕಂತು, ಎಲ್ಲಕ್ಕಿಂತ ಮೊದಲು ‘ಬ್ಲೇಕ್ಸ್ 7’ ಸರಣಿಯ ‘ಆರ್ಬಿಟ್’ (1981). ಏವನ್, ವೀಲಾ ಎಂಬ ಇಬ್ಬರು ಜೊತೆಗಾರರು ಸಣ್ಣ ನೌಕೆಯಲ್ಲಿ ಮೇಲೇರುತ್ತಿದ್ದಾರೆ, ಭಾರ ಜಾಸ್ತಿಯಾಗಿ ನೌಕೆ ಏರುತ್ತಿಲ್ಲ. ಸಿಕ್ಕಿದ್ದೆಲ್ಲ ಹೊರಗೆಸೆದದ್ದಾಯಿತು. ಇನ್ನೂ ಎಷ್ಟು ಎಂದು ಏವನ್ ಕೇಳಿದರೆ ಕಂಪ್ಯೂಟರ್ 70 ಕಿಲೋ ಎನ್ನುತ್ತದೆ. ಇನ್ನು ಎಸೆಯಲು ಏನಿದೆ ಎಂದು ಅವನು ತಲೆ ಕೆರೆದುಕೊಳ್ಳುವಾಗ ಕಂಪ್ಯೂಟರ್ ತಣ್ಣಗೆ ಸೇರಿಸುತ್ತದೆ: ವೀಲಾನ ತೂಕ 73 ಕಿಲೋ. ಏವನ್ ಬಂದೂಕು ಹಿಡಿದು, ಅಕ್ಕರೆಯ ದನಿಯಲ್ಲಿ ಗೆಳೆಯನ ಹೆಸರು ಕೂಗುತ್ತ ಹುಡುಕಲು ಹೊರಡುತ್ತಾನೆ. ವೀಲಾ ಮೂಲೆಯಲ್ಲಿ ಬಾಯಿ ಮುಚ್ಚಿಕೊಂಡು ಅಳುತ್ತಿದ್ದಾನೆ. ಇಬ್ಬರೂ ಬದುಕುತ್ತಾರೆ, ಆ ಗೆಳೆತನ ಬದುಕುವುದಿಲ್ಲ.

ಕೊನೆಗೆ ಏನಾಯಿತು?

1979ರ ನಂತರ ಐದು ವರ್ಷ ಸರಣಿಯಿಂದ ದೂರ ಇದ್ದ. ಇಪ್ಪತ್ತನೆಯ ವರ್ಷದ ವಿಶೇಷ ಸಂಚಿಕೆ ಬರೆಯಲು ಕರೆದರು, ಹೊಂದಲಿಲ್ಲ. ಆಮೇಲೆ ಬಂದದ್ದು 1984ರ ‘ದಿ ಕೇವ್ಸ್ ಆಫ್ ಆಂಡ್ರೋಜಾನಿ’. ಡಾಕ್ಟರ್ ಮೊದಲ ಕಂತಿನಲ್ಲೇ ವಿಷ ತಗುಲಿಸಿಕೊಂಡು, ಸಂಗಾತಿ ಹುಡುಗಿಗೆ ಮದ್ದು ತರುವುದಷ್ಟೇ ಗುರಿಯಾಗಿ ಕೊನೆಯವರೆಗೂ ತೆವಳುತ್ತಾನೆ. ಲೋಕ ಉಳಿಸುವ ಮಾತಿಲ್ಲ. ಖಳನಾಯಕನ ಪಾತ್ರಧಾರಿ ಜಾನ್ ನಾರ್ಮಿಂಗ್ಟನ್ ಸೂಚನೆಯನ್ನು ತಪ್ಪಾಗಿ ತಿಳಿದು ಕೆಲವು ಮಾತನ್ನು ನೇರ ಕ್ಯಾಮರಾ ನೋಡಿ ಹೇಳಿದ. ನಿರ್ದೇಶಕ ಗ್ರೇಮ್ ಹಾರ್ಪರ್‌ಗೆ ಅದು ಹಿಡಿಸಿ ಹಾಗೇ ಉಳಿಸಿಕೊಂಡ. 2009ರಲ್ಲಿ ‘ಡಾಕ್ಟರ್ ಹೂ ಮ್ಯಾಗಜೀನ್’ ಅಲ್ಲಿಯವರೆಗಿನ 200 ಕಥೆಗಳಿಗೆ ಓದುಗರ ಮತ ಕೇಳಿದಾಗ ಮೊದಲ ಸ್ಥಾನ ಇದಕ್ಕೇ.

1986ರಲ್ಲಿ 14 ಕಂತಿನ ಒಂದು ದೊಡ್ಡ ಕಥೆ ಹೊಸೆಯುತ್ತಿದ್ದರು. ಮೊದಲ ನಾಲ್ಕು, ಕೊನೆಯ ಎರಡು ಹೋಮ್ಸ್ ಪಾಲಿಗೆ. ಮೊದಲಿನವಕ್ಕೆ ಮೇಲಧಿಕಾರಿಯಿಂದ ಖಾರವಾದ ಟೀಕೆ ಬಂತು, ಮನಸ್ಸಿಗೆ ತುಂಬ ನಾಟಿತು ಎಂದು ಜೊತೆಗಿದ್ದವರು ನೆನೆಯುತ್ತಾರೆ. ಆರೋಗ್ಯ ಕೆಟ್ಟಿತು. ಹದಿಮೂರನೆಯ ಕಂತು ಬರೆಯುತ್ತಿರುವಾಗಲೇ ತೀರಿಕೊಂಡ. ಕೊನೆಯ ಕಂತನ್ನು ಆಗಿನ ಸ್ಕ್ರಿಪ್ಟ್ ಎಡಿಟರ್ ಎರಿಕ್ ಸಾವರ್ಡ್ ಬರೆದು, ನಿರ್ಮಾಪಕರೊಡನೆ ಜಗಳವಾಡಿ ವಾಪಸ್ ಪಡೆದ. ಪಿಪ್ ಮತ್ತು ಜೇನ್ ಬೇಕರ್ ದಂಪತಿ ಹೋಮ್ಸ್‌ನ ಮನಸ್ಸಿನಲ್ಲಿ ಏನಿತ್ತೆಂದು ತಿಳಿಯುವ ಅವಕಾಶವೇ ಇಲ್ಲದೆ ಅದನ್ನು ಮುಗಿಸಿಕೊಟ್ಟರು.

ಆತನ ಭೂತಗಳು ಈಗಲೂ ಬರುತ್ತವಲ್ಲ, ದುಡ್ಡು ಯಾರಿಗೆ?

ಬ್ರಿಟನ್ನಿನಲ್ಲಿ ಸ್ವತಂತ್ರ ಬರಹಗಾರ ತಾನು ಸೃಷ್ಟಿಸಿದ ಜೀವಿಯ ಹಕ್ಕನ್ನು ತಾನೇ ಉಳಿಸಿಕೊಳ್ಳುವ ಪದ್ಧತಿ ಇತ್ತು. ಹಾಗಾಗಿ ಆಟಾನ್, ಸಾಂಟಾರನ್ ಎರಡೂ ಹೋಮ್ಸ್ ಕುಟುಂಬದ ಪಾಲು. ಸರಣಿ ನಿಂತುಹೋಗಿದ್ದ 1990ರ ದಶಕದಲ್ಲಿ ಅನುಮತಿ ಪಡೆದ ಪುಟ್ಟ ಕಂಪನಿಗಳು ಇವುಗಳ ಮೇಲೆ ವಿಡಿಯೋ ಚಿತ್ರ ಮಾಡಿದವು. 2005ರ ಮಾರ್ಚ್ 26ರಂದು ಸರಣಿ ಮತ್ತೆ ಶುರುವಾದಾಗ ಮೊದಲ ಕಂತಿನಲ್ಲಿ ಕದಲಿದ್ದು ಅದೇ ಅಂಗಡಿ ಗೊಂಬೆಗಳು. ಈ ಸಲ ಗಾಜು ನಿಜವಾಗಿ ಒಡೆಯಿತು.

ಎಲ್ಲಿಂದ ಶುರು ಮಾಡಲಿ?

‘ಆಂಡ್ರೋಜಾನಿ’ ಮೊದಲು ಬೇಡ, ಅದರ ಭಾರ ತಿಳಿಯಲು ಬೇರೆ ಒಂದೆರಡು ನೋಡಿರಬೇಕು. ‘ದಿ ರಿಬೋಸ್ ಆಪರೇಷನ್’ ಹಾಕಿ. ಹಿಡಿಸಿದರೆ ‘ದಿ ಸನ್ ಮೇಕರ್ಸ್’, ಆಮೇಲೆ ‘ದಿ ಆರ್ಕ್ ಇನ್ ಸ್ಪೇಸ್’. ‘ದಿ ಪವರ್ ಆಫ್ ಕ್ರೋಲ್’ ಬಿಟ್ಟುಬಿಡಿ. ಸರಣಿಯಲ್ಲೇ ಅತಿ ದೊಡ್ಡ ಭೂತ ಬೇಕು ಎಂದು ಮೇಲಿನವರು ಹೇಳಿ ಬರೆಸಿದ್ದು ಅದು, ಬರೆದವನಿಗೂ ಮನಸ್ಸಿರಲಿಲ್ಲ ಅನ್ನುವುದು ಕಾಣುತ್ತದೆ. ‘ದಿ ಸ್ಪೇಸ್ ಪೈರೇಟ್ಸ್’ ನೋಡಬೇಕೆಂದರೂ ಪೂರ್ತಿ ಸಿಗದು. ಆರು ಕಂತಿನಲ್ಲಿ ಎರಡನೆಯದು ಮಾತ್ರ ಉಳಿದಿದೆ. ಮಿಕ್ಕ ಐದರ ಚಿತ್ರ ಹೋಗಿ, ಅಂದು ಯಾರೋ ಮನೆಯಲ್ಲಿ ಟೇಪ್ ರೆಕಾರ್ಡರಿಗೆ ಹಿಡಿದಿಟ್ಟ ಮಾತು ಮಾತ್ರ ಕೇಳಿಸುತ್ತದೆ.